ಕಾಗದಕ್ಕೆ ಅಮಾವಾಸ್ಯೆ ಇಲ್ಲ

“ಬೀದೀಲಿ ಯಾರಾದ್ರೂ ತೀರ್ಕೊಂಡ್ರೇನಪ್ಪಾ?”

ಜಗಲಿ ಮೇಲೆ ಬೀಡಿ ಹಚ್ಚಿಕೊಂಡು ಕೂತಿದ್ದ ಮುದುಕನನ್ನು ಕೇಳಿದೆ. ಮೊಳಕಾಲ್ಮೂರಿನ ಈ ಮಗ್ಗದ ಬೀದಿಗೆ ನಾನು ಹಿಂದೆ ಬಂದಾಗಲೆಲ್ಲ ಮನೆಮನೆಯಿಂದ ದಡಬಡ ಸದ್ದು. ಯಾರನ್ನಾದರೂ ಒಂದು ಮಾತು ಕೇಳಬೇಕಾದರೆ ಗಂಟಲು ಹರಕೊಳ್ಳಬೇಕಿತ್ತು. ಇವತ್ತು ಹಾಡುಹಗಲಲ್ಲೇ ನನ್ನ ಚಪ್ಪಲಿ ಸದ್ದು ನನಗೇ ಕೇಳುತ್ತಿತ್ತು.

“ಲೇದಮ್ಮ,” ಅಂದ ಮುದುಕ. ಹೆಸರು ಬೋರಣ್ಣ ಅಂತ ಆಮೇಲೆ ಗೊತ್ತಾಯಿತು. “ಯಾರೂ ಸತ್ತಿಲ್ಲ. ಅಮಾವಾಸ್ಯೆ ಅಲ್ವೇನು, ಮಗ್ಗಕ್ಕೆ ರಜಾ.”

“ಪ್ರತಿ ಅಮಾವಾಸ್ಯೆಗೂನಾ?”

ಬೋರಣ್ಣ ಬೀಡಿ ಕೆಳಗಿಳಿಸಿ ನನ್ನ ಮುಖ ನೋಡಿದ. “ಯಾವೂರಮ್ಮ ನಿಮ್ದು?”

“ಚಳ್ಳಕೆರೆ.”

“ಅದಕ್ಕೇ ಮತ್ತೆ. ಎಣ್ಣೆ ಮಿಲ್ಲಿನ ಊರೋರು ನೀವು. ನಮ್ಮಲ್ಲಿ ತಾತ ಮುತ್ತಾತನ ಕಾಲದಿಂದ ಅಮಾವಾಸ್ಯೆ ದಿನ ಲಾಳಿ ಮುಟ್ಟೋರಿಲ್ಲ. ಇಡೀ ಬೀದೀಲಿ ಒಂದು ಮಗ್ಗ ಆಡಲ್ಲ. ಚಿಕ್ಕ ಮಗೂನ ಕೇಳಿದ್ರೂ ಹೇಳ್ತೈತೆ.”

ಮೊದಲೇ ಮೊಣಕಾಲು ನೋವು, ಪಕ್ಕದ ಜಗಲಿ ಹಿಡಿದು ನಿಂತೆ.

ಗೋವರ್ಧನ ಕಾಣೆಯಾದ ದಿನವೂ ಅಮಾವಾಸ್ಯೆಯೇ. ಅವನ ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ನನ್ನೆದುರು ಅತ್ತಿದ್ದಳು, “ಅಮಾವಾಸ್ಯೆ ದಿನ ಗಾಡಿ ತೆಗೀಬ್ಯಾಡ ಕಣೋ ಅಂದೆ, ಕೇಳಲಿಲ್ಲ” ಅಂತ. ಹೆತ್ತ ಕರುಳು ಏನೋ ಹೇಳಿಕೊಳ್ಳುತ್ತೆ ಅಂತ ನಾನು ಅದನ್ನು ತಲೆಗೇ ಹಾಕಿಕೊಳ್ಳಲಿಲ್ಲ. ಮೂವತ್ತು ವರ್ಷ ಪೊಲೀಸ್ ಇಲಾಖೆಯಲ್ಲಿ ಸವೆದು ಎ.ಎಸ್.ಐ. ಆಗಿ ನಿವೃತ್ತಿಯಾಗಿ, ಈಗ ವಕೀಲರಿಗೆ ಕೇಸು ವಿಚಾರಿಸಿಕೊಡೋ ಈ ದಾಕ್ಷಾಯಿಣಿಗೆ ಒಂದು ಕ್ಯಾಲೆಂಡರ್ ನೋಡಬೇಕು ಅನ್ನೋ ಬುದ್ಧಿ ಬರಲಿಲ್ಲ.

ಗೋವರ್ಧನನನ್ನು ಕೊಂದ ಅಂತ ಜೈಲಿಗೆ ಹಾಕಿರೋ ಮಾರುತೇಶನನ್ನು ಉಳಿಸೋಕೆ ನಮ್ಮ ಕೈಯಲ್ಲಿ ಇದ್ದದ್ದು ಒಂದೇ ಒಂದು ಸಾಕ್ಷಿ, ಪಕ್ಕದ ಮನೆ ಚಿನ್ನಕ್ಕ. ಆ ದಿನ ಬೆಳಿಗ್ಗೆಯಿಂದ ದೀಪ ಹಚ್ಚೋ ತನಕ ಮಾರುತೇಶನ ಮಗ್ಗದ ಸದ್ದು ಕೇಳಿದ್ದೇನೆ ಅಂತ ಅವಳು ಹೇಳಿದ್ದಳು. ಆ ಮಾತು ನಂಬಿಕೊಂಡೇ ನಮ್ಮ ವಕೀಲ ತಿಪ್ಪೇರುದ್ರಪ್ಪ ಬೇಲು ಅರ್ಜಿ ತಯಾರು ಮಾಡಿ ಕೂತಿದ್ದ. ವಿಚಾರಣೆ ನಾಳಿದ್ದು.

ಎದುರಿಗೆ ಸರ್ಕಾರಿ ವಕೀಲ ಹನುಮಂತರಾಯ. ಅವನ ಅಪ್ಪ ಇದೇ ಬೀದಿಯಲ್ಲಿ ಮಗ್ಗ ಹಾಕಿದೋನು. ಅವನು ಎದ್ದು ನಿಂತು, ತಾಯೀ, ಅವತ್ತು ಯಾವ ದಿನ ಅಂತ ಒಂದೇ ಒಂದು ಪ್ರಶ್ನೆ ಕೇಳಿದರೆ ಸಾಕು, ಅಲ್ಲಿಗೆ ಎಲ್ಲಾ ಮುಗೀತು.

* * *

ಮಾರುತೇಶ ರೇಷ್ಮೆ ಸೀರೆ ನೇಯೋ ಹುಡುಗ. ಸೀರೆ ಯಜಮಾನರದು, ಕೂಲಿ ಅವನದು. ಆದರೆ ಅವನ ತಲೆಯಲ್ಲಿ ಬೇರೆಯದೇ ಹುಳ ಹೊಕ್ಕಿತ್ತು. ಸರ್ಕಾರಿ ಕಚೇರಿಯಲ್ಲಿ ಅವಧಿ ಮುಗಿದು ರದ್ದಿಗೆ ಹಾಕೋ ಕಾಗದಗಳನ್ನು ತಂದು, ಅರ್ಜಿ, ತಗಾದೆ, ಪಂಚನಾಮೆ, ಏನಿದ್ದರೂ ಸರಿ, ಬೆರಳಗಲ ಸೀಳಿ, ಗಂಜಿ ಸವರಿ, ತೊಡೆ ಮೇಲೆ ಹೊಸೆದು ದಾರ ಮಾಡುತ್ತಿದ್ದ. ಉದ್ದದ ಹಾಸು ಎಳೆಗೆ ಹತ್ತಿ ನೂಲು, ಅಡ್ಡದ ಹೊಕ್ಕಿಗೆ ಕಾಗದ. ಹಂಗೆ ನೇಯ್ದ ಬಟ್ಟೆಯನ್ನು ದುರ್ಗದಲ್ಲಿ ಒಂದು ಪ್ರದರ್ಶನಕ್ಕೆ ಇಟ್ಟಿದ್ದ.

ನಾನು ನೋಡಿದ್ದೆ ಅದನ್ನು. ಹುಲ್ಲುಗಾವಲು ಒಣಗೋ ಹೊತ್ತಿನ ಬಣ್ಣ. ಶಾಯಿಯ ಅಕ್ಷರ ಎಲ್ಲಾ ಒಡೆದು ಚುಕ್ಕಿ ಚುಕ್ಕಿ, ಅಲ್ಲಲ್ಲಿ ರಬ್ಬರ್ ಸ್ಟ್ಯಾಂಪಿನ ನೇರಳೆ. ನನಗೆ ಕಲೆ ಗಿಲೆ ಗೊತ್ತಾಗಲ್ಲ, ಆದರೂ ಅದರ ಮುಂದೆ ಬಹಳ ಹೊತ್ತು ನಿಂತಿದ್ದೆ. ಎಷ್ಟು ಜನ ಎಷ್ಟು ಸಲ ಕೈಮುಗಿದು ಬರಕೊಂಡಿದ್ದರೋ, ಎಲ್ಲಾ ಸೇರಿ ಒಂದು ಹೊದಿಕೆ ಆಗಿತ್ತು.

ಆ ಪ್ರದರ್ಶನವೇ ಅವನಿಗೆ ಮುಳುವಾಯಿತು. ಕಚೇರಿ ಕಾಗದ ಹೊರಗೆ ಹೆಂಗೆ ಬಂತು ಅಂತ ಗಲಾಟೆ ಎದ್ದಿತು. ಯಾವ ಕಚೇರಿ ಅಂತ ಕೇಳಬೇಡಿ, ಎಲ್ಲಾ ಕಚೇರಿಗೂ ಒಂದೇ ವಾಸನೆ. ಕಾಗದದ ಮೂಟೆ ಕೊಡುತ್ತಿದ್ದೋನು ಅಲ್ಲಿನ ರೆಕಾರ್ಡ್ ರೂಮಿನ ಗುತ್ತಿಗೆ ನೌಕರ, ಚಳ್ಳಕೆರೆಯ ಗೋವರ್ಧನ. ಪಾಪದ ಹುಡುಗ. ಖಾಯಂ ಅಲ್ಲದಿದ್ದರೂ ಕಚೇರಿ ಕಾರ್ಡನ್ನು ನೀಲಿ ಪಟ್ಟಿಯಲ್ಲಿ ಕೊರಳಿಗೆ ಹಾಕಿಕೊಂಡೇ ತಿರುಗುತ್ತಿದ್ದ. ಊಟಕ್ಕೆ ಕೂತಾಗಲೂ ತೆಗೆಯುತ್ತಿರಲಿಲ್ಲ ಅಂತ ಅವನ ಅವ್ವ ಹೇಳಿದ್ದಳು. ಕೆಲಸ ಹೋಗುತ್ತೆ ಅನ್ನೋ ಭಯಕ್ಕೆ ಅವನು ಬಟ್ಟೆ ವಾಪಸ್ ಕೇಳಿದ, ಸುಟ್ಟುಬಿಡೋಣ ಅಂದ. ಮಾರುತೇಶ ಕೊಡಲಿಲ್ಲ. ಪ್ರಾಣ ಬೇಕಾದ್ರೆ ತಗೋ ಅಂತ ಫೋನಿನಲ್ಲಿ ಕೂಗಾಡಿದ್ದನ್ನು ನಾಲ್ಕು ಜನ ಕೇಳಿದ್ದರು.

ಅಮಾವಾಸ್ಯೆ ದಿನ ಗೋವರ್ಧನ ಬೈಕ್ ಹತ್ತಿ ಮೊಳಕಾಲ್ಮೂರಿಗೆ ಅಂತ ಹೊರಟ. ಆವತ್ತು ರಾತ್ರಿ ಮೊಳಕಾಲ್ಮೂರಿನ ಪಕ್ಕದ ನುಂಕೆಮಲೆ ಬೆಟ್ಟದ ಬುಡದಲ್ಲಿ ಬೈಕ್ ಸಿಕ್ಕಿತು, ಸೀಟಿನ ಮೇಲೆ ರಕ್ತ. ಮಾರನೇ ದಿನ ಬೆಳಿಗ್ಗೆ ಹಲ್ಲುಜ್ಜೋ ಮುಂಚೆಯೇ ಮಾರುತೇಶನನ್ನು ಎತ್ತಾಕ್ಕೊಂಡು ಹೋದರು. ಗೋವರ್ಧನ ಸಿಗಲಿಲ್ಲ, ಹೆಣವೂ ಸಿಗಲಿಲ್ಲ.

“ಹೆಣ ಇಲ್ಲ, ಸಾಕ್ಷಿ ಐತೆ,” ಅಂತಿದ್ದ ತಿಪ್ಪೇರುದ್ರಪ್ಪ. “ಇಷ್ಟು ಸಾಕು ದಾಕ್ಷಾಯಿಣಮ್ಮ. ಹುಡುಗ ಆಚೆ ಬರ್ತಾನೆ.”

ಇವತ್ತು ಬೆಳಿಗ್ಗೆ ಬಸ್ ಹತ್ತೋವಾಗ ನನಗೂ ಹಂಗೇ ಅನ್ನಿಸಿತ್ತು.

* * *

ಚಿನ್ನಕ್ಕ ಬಾಗಿಲಲ್ಲೇ ಕೂತು ಕಡ್ಲೆಕಾಯಿ ಸುಲಿಯುತ್ತಿದ್ದಳು. ಬೇರೆ ದಿನ ಆಗಿದ್ದರೆ ರಾಟೆ ಮುಂದೆ ಲಾಳಿಗೆ ನೂಲಿನ ಕಂಡಿಕೆ ಸುತ್ತುತ್ತಿರಬೇಕಾದ ಹೆಂಗಸು. ಗಂಡ ಇಲ್ಲ, ಮಕ್ಕಳಿಲ್ಲ. ಮಾರುತೇಶನನ್ನು ಕಂಡರೆ ಪ್ರಾಣ ಅಂತ ಬೀದಿಯೆಲ್ಲಾ ಹೇಳುತ್ತೆ.

“ಬರ್ರಿ ಅಕ್ಕಯ್ಯಾ. ಜ್ಯೋತಿ ನಾಯಕನಹಟ್ಟಿಯಿಂದ ಬಸ್ ಹತ್ತೀನಿ ಅಂತ ಫೋನ್ ಮಾಡಿದ್ಲು. ಇನ್ನೇನು ಬಂದ್ಬಿಡ್ತಾಳೆ.”

ಜ್ಯೋತಿಲಕ್ಷ್ಮಿ ಮಾರುತೇಶನ ಹೆಂಡತಿ. ಗೋವರ್ಧನ ಕಾಣೆಯಾದ ಆ ಅಮಾವಾಸ್ಯೆಯ ಹಿಂದಿನ ದಿನ ತವರಿಗೆ ಹೋದೋಳು, ಗಂಡನನ್ನು ಹಿಡಕೊಂಡು ಹೋದ ಮೇಲೆ ಈ ಮನೆಯಲ್ಲಿ ಒಂದು ರಾತ್ರಿಯೂ ಮಲಗಿಲ್ಲ.

ನಾನು ಕೂರಲಿಲ್ಲ. “ಚಿನ್ನಕ್ಕ, ನನಗೆ ಸುಳ್ಳು ಹೇಳೋರನ್ನ ಕಂಡ್ರೆ ಕೋಪ ಬರಲ್ಲ. ಅರ್ಧಂಬರ್ಧ ಸುಳ್ಳು ಹೇಳೋರನ್ನ ಕಂಡ್ರೆ ಮೈಯೆಲ್ಲಾ ಉರೀತೈತೆ. ಗೋವರ್ಧನ ಹೋಗಿದ್ದು ಅಮಾವಾಸ್ಯೆ ದಿನ. ನೀನು ಅವತ್ತು ಮಗ್ಗದ ಸದ್ದು ಕೇಳಿದೆ ಅಂತ ಬರ್ಸಿದೀಯ.”

“ಹೌದು.”

“ಅಮಾವಾಸ್ಯೆ ದಿನ ಈ ಬೀದೀಲಿ ಮಗ್ಗ ಆಡಲ್ಲ ಅಂತ ನನಗೆ ಯಾಕೆ ಹೇಳಲಿಲ್ಲ?”

“ನಿಮಗ್ಗೊತ್ತಿಲ್ಲ ಅಂತ ನನಗೇನು ಕನಸು ಬಿದ್ದಿತ್ತಾ?” ಚಿನ್ನಕ್ಕ ಮೊರ ಪಕ್ಕಕ್ಕಿಟ್ಟಳು. “ಸೂರ್ಯ ಮೂಡ್ತಾನೆ ಅಂತಾನೂ ಹೇಳ್ಬೇಕಾ?”

“ಕೋರ್ಟಲ್ಲಿ ಹನುಮಂತರಾಯ ಇದನ್ನೇ ಕೇಳ್ತಾನೆ. ನೀನು ಆ ಹುಡುಗನ ಮೇಲಿನ ಪ್ರೀತಿಗೆ ಸುಳ್ಳು ಹೇಳ್ತಿದೀಯ ಅಂತಾನೆ. ನಿನ್ನ ಜೊತೆ ಅವನೂ ಮುಳುಗ್ತಾನೆ.”

ಚಿನ್ನಕ್ಕನ ದನಿ ಏರಲಿಲ್ಲ. “ಅಮಾವಾಸ್ಯೆ ಆಗಿದ್ದಕ್ಕೇ ನಾನು ಕೇಳಿದ್ದು ಅಕ್ಕಯ್ಯಾ. ಬೇರೆ ದಿನ ಬೀದಿ ತುಂಬಾ ಮಗ್ಗ ಬಡೀತಾವೆ, ಯಾವ ಮನೆ ಸದ್ದು ಯಾವುದು ಅಂತ ಯಾರು ಹೇಳ್ತಾರೆ? ಅವತ್ತು ಇದೊಂದೇ. ಮಧ್ಯಾಹ್ನ ಒಂದು ಗಳಿಗೆ ಕಣ್ಣು ಮುಚ್ಚೋಣ ಅಂದ್ರೆ ಬಿಡಲಿಲ್ಲ. ಬೋರಣ್ಣನೂ ಬೈಕೊಂಡ. ಕೇಳ್ರಿ ಹೋಗಿ.”

ಅವಳ ಮಾತು ಸರಿಯಾಗಿತ್ತು. ಬೀದಿ ಬೀದಿಯೇ ಸುಮ್ಮನಿದ್ದ ದಿನ ಒಂದು ಮಗ್ಗ ಬಡಿದರೆ ಅದಕ್ಕಿಂತ ಗಟ್ಟಿ ಸಾಕ್ಷಿ ಬೇಕೇ.

“ಎಲ್ಲರೂ ಬಿಟ್ಟ ದಿನ ಅವನ್ಯಾಕೆ ಮಗ್ಗದ ಮೇಲೆ ಕೂತ?”

“ಅವನ ರೂಢಿನೇ ಅದು. ಯಜಮಾನರ ರೇಷ್ಮೆಗೆ ಅಮಾವಾಸ್ಯೆ ಐತೆ, ನನ್ನ ಕಾಗದಕ್ಕೆ ಅಮಾವಾಸ್ಯೆ ಇಲ್ಲ ಅನ್ನೋನು. ಬೇರೆ ದಿನ ಪುರುಸೊತ್ತೆಲ್ಲಿ? ವರ್ಷದಿಂದ ಅಮಾವಾಸ್ಯೆಗೆ ಒಂದು ತುಂಡು, ಅಮಾವಾಸ್ಯೆಗೆ ಒಂದು ತುಂಡು, ಹಂಗೇ ನೇಯ್ಕೊಂಡು ಬಂದ.”

ಉಸಿರು ಬಂದಂಗಾಯಿತು ನನಗೆ. ಹನುಮಂತರಾಯ ಏನು ಕೇಳಿದರೂ ಇದೇ ಉತ್ತರ. ಕೇಸು ಬೀಳಲ್ಲ, ಇನ್ನೂ ಎದ್ದು ನಿಲ್ಲುತ್ತೆ.

“ಅವನನ್ನ ಕಣ್ಣಾರೆ ನೋಡಿದೆಯಾ ಅವತ್ತು?”

“ಇಲ್ಲ. ಬಾಗಿಲು ಹಾಕಿತ್ತು.”

“ಸದ್ದು ಅವನ ಕೈದೇ ಅಂತ ಹೆಂಗೆ ಹೇಳ್ತೀಯ?”

ಅವಳು ಮೊರ ಮತ್ತೆ ಹತ್ತಿರಕ್ಕೆ ಎಳಕೊಂಡಳು. “ಇನ್ಯಾರದಿರ್ತೈತೆ? ಸದ್ದೇನೋ ಒಂಥರಾ ಇತ್ತು ಬಿಡ್ರಿ. ಅವನು ತುಳಿದಾಗ ಕೆಳಗಿನ ಹಲಗೆ ಕಿರ್ ಅಂತೈತೆ, ಆಮೇಲೆ ದಡ್. ಕಿರ್, ದಡ್. ಆವತ್ತು ಕಿರ್ ಇರಲಿಲ್ಲ. ಬರೀ ದಡ್ ದಡ್ ದಡ್. ಹಲಗೆಗೆ ಎಣ್ಣೆ ಬಿಟ್ಟಿರ್ಬೇಕು ಅಂದ್ಕೊಂಡೆ.”

ಹಂಗಂದು ಎದ್ದು, ಸೊಂಟಕ್ಕೆ ಸಿಕ್ಕಿಸಿದ್ದ ಬೀಗದ ಕೈ ತೆಗೆದು ಮಾರುತೇಶನ ಬಾಗಿಲು ತೆರೆದು ಹೊಸ್ತಿಲ ಹತ್ತಿರವೇ ನಿಂತಳು.

* * *

ಒಳಗೆ ಹುಳಿತ ಗಂಜಿಯ ನಾತ, ಅದರ ಜೊತೆ ನೆನೆದ ಕಾಗದದ್ದು. ಪೊಲೀಸರು ಮೂಗು ಮುಚ್ಚಿಕೊಂಡೇ ತಪಾಸಣೆ ಮಾಡಿದ್ದರಂತೆ. ಮೂಟೆಗಳನ್ನು ಹೊತ್ತುಕೊಂಡು ಹೋದರು. ಮಗ್ಗದ ಮೇಲಿದ್ದ ಬಟ್ಟೆಗೆ ಭೂತಗನ್ನಡಿ ಹಿಡಿದು ಒಂದೊಂದು ಅಕ್ಷರ ಓದೋಕೆ ನೋಡಿದರು. ಒಡೆದ ಅಕ್ಷರದಲ್ಲಿ ಏನು ಸಿಗುತ್ತೆ? ಫೋಟೋ ತೆಗೆದು ಬಿಟ್ಟುಹೋದರು.

ಮಗ್ಗ ಕೋಣೆಯ ಅರ್ಧ ತುಂಬಿತ್ತು. ನೆಲದಲ್ಲಿ ಕುಣಿ, ಕುಣಿಯ ಅಂಚಿನಲ್ಲಿ ಕೂರೋ ಮಣೆ. ಕೂತು ಕಾಲು ಇಳಿಬಿಟ್ಟು ಕೆಳಗಿನ ಹಲಗೆ ತುಳೀಬೇಕು. ಕುಣಿ ಅಂದರೆ ನಮ್ಮ ಜನದಲ್ಲಿ ಮಣ್ಣು ಮಾಡೋಕೆ ತೋಡೋದು, ಇವರಿಗೆ ಅದೇ ಅನ್ನದ ಜಾಗ. ಮೊದಲ ಸಲ ಬಂದಾಗ ಆ ಮಾತು ಕೇಳಿ ಮೈ ಜುಂ ಅಂದಿತ್ತು.

ಜ್ಯೋತಿಲಕ್ಷ್ಮಿ ಬಂದಳು. ಕಂಕುಳಲ್ಲಿ ಒಂದು ಹೊಸ ಪೊರಕೆ, ಕೈಯಲ್ಲಿ ಒಂದು ಚೀಲ. ಚೀಲದಿಂದ ಇಸ್ತ್ರಿ ಮಾಡಿದ ಶರ್ಟ್ ತೆಗೆದು ಗೂಟಕ್ಕೆ ನೇತು ಹಾಕಿದಳು. ನನಗೆ ಅವಳ ಮುಖ ನೋಡೋಕೆ ಕಷ್ಟವಾಯಿತು, ಎಷ್ಟೋ ದಿನದ ಮೇಲೆ ತಲೆಗೆ ಹೂವು ಮುಡಿದಿದ್ದಳು.

“ನಾಳಿದ್ದು ಬರ್ತಾರಲ್ಲ ಅಕ್ಕ. ಧೂಳು ಹೊಡೆದು, ನೆಲ ಸಾರಿಸಿ ಹೋಗ್ತೀನಿ. ಕುಣೀನೂ ಗುಡಿಸ್ಬೇಕು. ಬಂದ ತಕ್ಷಣ ಮಗ್ಗ ನೋಡ್ತಾರೆ ಅವ್ರು, ನನ್ನ ನೋಡಲ್ಲ.” ನಕ್ಕಳು.

“ಬೇಲು ಸಿಗ್ಲಿ ಮೊದ್ಲು,” ಅಂದೆ. ಒರಟಾಗಿ ಬಂತು ಮಾತು.

“ಸಿಕ್ಕೇ ಸಿಗ್ತೈತೆ ಅಂದ್ರಲ್ಲ ವಕೀಲ್ರು. ಸಿಗದಿದ್ರೆ ಅವ್ರು ಉಳಿಯಲ್ಲ ಅಕ್ಕ. ಹೋದ ವಾರ ನೋಡಿದಾಗ ಕೈ ಬೆರಳು ಹಿಂಗೆ ಹಿಂಗೆ ಆಡಿಸ್ತಾನೇ ಇದ್ರು, ಏನೋ ಹೊಸೀತಿದ್ದೋರಂಗೆ. ಊಟದ ತಟ್ಟೆ ಮುಟ್ಟಿರಲಿಲ್ಲ.”

ಅದು ನನಗೆ ಗೊತ್ತಿತ್ತು. ನಿನ್ನೆಯಷ್ಟೇ ನಾನೂ ಜೈಲಿಗೆ ಹೋಗಿ ಮಾರುತೇಶನ ಎದುರು ಕೂತಿದ್ದೆ. ಅವನ ತಕರಾರು ಒಂದೇ, ಮೊದಲಿನಿಂದಲೂ ಅದೇ.

“ಚಿನ್ನಕ್ಕ ಏನು ಕೇಳಿದ್ಲೋ ನನಗ್ಗೊತ್ತಿಲ್ಲಮ್ಮ. ನಾನು ಆವತ್ತು ಮನೇಲಿರಲಿಲ್ಲ. ಬೆಳಿಗ್ಗೆ ಕೂತೆ, ಕೈ ಓಡಲಿಲ್ಲ. ಎದ್ದು ಉಳ್ಳಾರ್ತಿ ಕಾವಲಿನ ಕಡೆ ಹೋದೆ.”

“ಯಾಕೆ ಹೋದೆ?”

“ಹುಲ್ಲು ನೋಡೋಕೆ.”

“ಯಾರಾದ್ರೂ ನೋಡಿದ್ರಾ ನಿನ್ನ?”

“ಯಾರೂ ಇರಲಿಲ್ಲ. ಆ ಮೂಟೇಲಿ ಬಂದಿದ್ದೆಲ್ಲಾ ಹುಲ್ಲುಗಾವಲು ಬಿಟ್ಟುಕೊಡಬ್ಯಾಡ್ರಿ ಅಂತ ಜನ ಕೊಟ್ಟ ಅರ್ಜಿಗಳೇ. ಅದನ್ನ ನೇಯೋನು ಆ ಹುಲ್ಲಿನ ಬಣ್ಣ ನೋಡದೆ ಹೆಂಗೆ ನೇಯ್ಲಿ? ಕತ್ತಲಾಗೋ ತನಕ ಕೂತಿದ್ದು ಬಂದೆ.”

ಕೊಲೆ ಕೇಸಿನಲ್ಲಿ ಹುಲ್ಲು ನೋಡ್ತಾ ಕೂತಿದ್ದೆ ಅಂದರೆ ಯಾವ ಜಡ್ಜು ನಂಬುತ್ತಾನೆ? ನನಗೆ ರೇಗಿಹೋಯಿತು. ಚೆನ್ನಾಗಿ ಬೈದೆ. ಒಂದು ಮುದುಕಿ ನಿನಗೋಸ್ಕರ ಕೋರ್ಟು ಹತ್ತೋಕೆ ತಯಾರಾಗವ್ಳೆ, ನೀನು ಅವಳ ಮಾತಿಗೇ ಕಲ್ಲು ಹಾಕ್ತೀಯಾ, ಅಲ್ಲಿ ನಿನ್ನ ಹೆಂಡ್ತಿ ಅನ್ನ ಬಿಟ್ಟು ಕಡ್ಡಿಯಾಗವ್ಳೆ, ನಿನ್ನ ಸತ್ಯ ನೆಕ್ಕಿದ್ರೆ ಅವಳ ಹೊಟ್ಟೆ ತುಂಬಲ್ಲ, ಮಗ್ಗದ ಮೇಲಿದ್ದೆ ಅನ್ನು, ಅಷ್ಟು ಸಾಕು. ಅವನು ತಲೆ ಬಗ್ಗಿಸಿ ಬೆರಳು ಹೊಸೀತಾ ಕೂತಿದ್ದ.

* * *

“ಜ್ಯೋತಿ, ಈ ಕೆಂಪು ದಾರ ಏನು?”

ಬಟ್ಟೆಯ ಉದ್ದಕ್ಕೂ ಸುಮಾರು ಒಂದೊಂದು ಮೊಳಕ್ಕೆ ಅಡ್ಡಲಾಗಿ ಒಂದು ಕೆಂಪು ರೇಷ್ಮೆ ಎಳೆ ಓಡಿತ್ತು. ಹಿಂದೆ ನೋಡಿದಾಗ ಅಲಂಕಾರಕ್ಕೆ ಅಂದುಕೊಂಡಿದ್ದೆ.

ಅವಳು ಸೆರಗು ಸಿಕ್ಕಿಸಿಕೊಂಡು ಮೂಲೆ ಗುಡಿಸುತ್ತಿದ್ದಳು. “ಅದಾ? ದಿನದ ಕೆಲಸ ಮುಗೀತು ಅಂತ. ಒಂದು ಅಮಾವಾಸ್ಯೆ ನೇಯ್ದು ಏಳೋವಾಗ ಒಂದು ಕೆಂಪೆಳೆ ಹಾಕಿ, ಕೈಮುಗಿದು ಏಳ್ತಾರೆ.”

“ಒಂದು ದಿನ ಪೂರ್ತಿ ಕೂತ್ರೆ ಇಷ್ಟು ಆಗ್ತೈತಾ? ಒಂದು ಮೊಳ?”

“ಅಷ್ಟೇ. ಕಾಗದ ಪಟ್ ಅಂತ ಹರೀತೈತೆ, ಮೆಲ್ಲಗೆ ಹೋಗ್ಬೇಕು.”

ನಾನು ಕೊನೇ ಕೆಂಪೆಳೆ ಹುಡುಕಿದೆ. ಅದರ ಮುಂದೆ ಇನ್ನೂ ಮುಗಿಯದ ಬಟ್ಟೆ. ಬೆರಳು ಇಟ್ಟು ಅಳತೆ ನೋಡಿದೆ. ನಾಲ್ಕು ಬೆರಳು, ಅಷ್ಟೇ. ಆಮೇಲೆ ಖಾಲಿ ಹಾಸು. ಮುಗಿಸಿದ ಕೆಂಪೆಳೆ ಇಲ್ಲ.

ಬೆಳಿಗ್ಗೆ ಕೂತೆ, ಕೈ ಓಡಲಿಲ್ಲ, ಎದ್ದು ಹೋದೆ.

ಹುಡುಗ ಹೇಳಿದ್ದು ನಿಜ. ಬಟ್ಟೆಯೇ ಹೇಳುತ್ತಿತ್ತು. ಚಿನ್ನಕ್ಕ ಹೇಳಿದ್ದೂ ನಿಜ, ಬೋರಣ್ಣನೂ ಬೈದುಕೊಂಡಿದ್ದ. ಹಂಗಾದರೆ ಇಡೀ ದಿನ ಮಗ್ಗ ಬಡಿದಿದೆ, ಬಟ್ಟೆ ಮಾತ್ರ ಬೆಳೆದಿಲ್ಲ. ತುಳಿಯೋ ಹಲಗೆ ಕಿರ್ ಅಂದಿಲ್ಲ, ಲಾಳಿ ಓಡಿಲ್ಲ. ಮೇಲಿಂದ ತೂಗು ಹಾಕಿದ ಬಡಿಯೋ ಹಲಗೆ ಒಂದೇ ಆಡಿದೆ.

ಪಕ್ಕದಲ್ಲಿ ನಿಂತು ಆ ಹಲಗೆ ಹಿಡಿದೆ. ಒಂದು ಸಲ ದೂಡಿದೆ. ದಡ್.

ಮಣೆ ಮೇಲೆ ಕೂರೋದೇ ಬೇಡ, ಕಾಲೂ ಬೇಡ. ಪಕ್ಕದಲ್ಲಿ ನಿಂತು ಯಾರು ಬೇಕಾದರೂ ಬಡೀಬಹುದು. ಬೀದಿಯವರ ಕಿವಿಗೆ ಮಗ್ಗದ ಸದ್ದು ಕೇಳುತ್ತಾ ಇರುತ್ತೆ, ಬೇರೆ ಯಾವ ಸದ್ದೂ ಕೇಳಲ್ಲ.

ಬೇರೆ ಯಾವ ಸದ್ದು?

ನೆಲ ನೋಡಿದೆ. ಗೋಡೆ ನೋಡಿದೆ. ಎಲ್ಲಾ ಸರಿಯಾಗಿತ್ತು. ಯಾಕೆ ಹಂಗೆ ಮಾಡಿದೆನೋ, ಮೊಣಕಾಲು ನೋವಿಗೆ ಇರಬೇಕು, ಮಾರುತೇಶನ ಮಣೆ ಮೇಲೆ ಕೂತುಬಿಟ್ಟೆ. ಕುಣಿಯೊಳಕ್ಕೆ ಕಾಲು ಇಳಿಬಿಟ್ಟೆ.

“ಜೋಪಾನ ಅಕ್ಕ, ಆಳ ಐತೆ ಅದು,” ಅಂದಳು ಜ್ಯೋತಿ. “ಅವ್ರ ಕಾಲು ಉದ್ದ ಅಲ್ವಾ, ಮದುವೆ ಆದ ಮೇಲೆ ಮತ್ತೆ ತೋಡಿಸಿದ್ರು. ನಾನು ಕೂತ್ರೆ ಕಾಲು ಗಾಳೀಲಿ ತೂಗಾಡ್ತವೆ. ಒಂದ್ಸಲ ಬಿದ್ದೇ ಬಿಟ್ಟಿದ್ದೆ.”

ನಾನು ಜ್ಯೋತಿಗಿಂತ ಗಿಡ್ಡ.

ನನ್ನ ಎರಡು ಪಾದವೂ ಮಣ್ಣಿನ ಮೇಲೆ ಊರಿದ್ದವು. ತುಳಿಯೋ ಹಲಗೆಗಳು ಅರ್ಧ ಮಣ್ಣಿನಲ್ಲಿ ಹೂತುಹೋಗಿದ್ದವು, ತುಳಿದರೂ ಅಲ್ಲಾಡೋ ಹಂಗಿರಲಿಲ್ಲ. ಕಾಲ ಕೆಳಗೆ ಮಣ್ಣು ಮೆತ್ತಗಿತ್ತು, ತೋಡಿ ಮುಚ್ಚಿದ ಮಣ್ಣಿನಂಗೆ.

ಸರ್ವೀಸಿನಲ್ಲಿ ಎಷ್ಟೋ ಹೆಣ ನೋಡಿದ್ದೇನೆ, ಕೆರೆಯಿಂದ ಎತ್ತಿಸಿದ್ದೇನೆ, ಹಗ್ಗ ಬಿಚ್ಚಿಸಿದ್ದೇನೆ. ಕಾಲ ಕೆಳಗೆ ಇಟ್ಟುಕೊಂಡು ಕೂತದ್ದು ಇದೇ ಮೊದಲು. ಪೊಲೀಸರು ಅಕ್ಷರ ಓದುತ್ತಾ ಕೂತರು, ನಾನೂ ಎರಡು ಸಲ ಬಂದು ಬಟ್ಟೆ ನೋಡಿ ಮೆಚ್ಚಿಕೊಂಡು ಹೋದೆ. ಕೆಳಗೆ ಯಾರೂ ಬಗ್ಗಿ ನೋಡಲಿಲ್ಲ.

ಹೆಣ ಇಲ್ಲ, ಸಾಕ್ಷಿ ಐತೆ ಅಂದಿದ್ದ ತಿಪ್ಪೇರುದ್ರಪ್ಪ. ಹೆಣ ಇತ್ತು, ಆ ಹುಡುಗನ ಮನೆಯಲ್ಲೇ, ಅವನದೇ ಮಗ್ಗದ ಕೆಳಗೆ.

“ನಿಮ್ಮ ಕಾಲು ಎಟುಕ್ತಾ ಅಕ್ಕ?” ಜ್ಯೋತಿ ಹತ್ತಿರ ಬಂದು ಬಗ್ಗಿ ನೋಡಿದಳು. ಹುಬ್ಬು ಗಂಟು ಹಾಕಿಕೊಂಡಳು. “ಅಯ್ಯ, ಎಷ್ಟು ಧೂಳು ತುಂಬ್ಕೊಂಡೈತೆ ನೋಡ್ರಿ. ಎರಡು ತಿಂಗಳು ಬಿಟ್ರೆ ಹಿಂಗಾಗ್ತೈತೆ. ಏಳ್ರಿ, ಗುಡಿಸ್ತೀನಿ.”

“ಬ್ಯಾಡ,” ಅಂದೆ. “ಜ್ಯೋತಿ, ಬ್ಯಾಡ. ಇರ್ಲಿ ಬಿಡು ಅದು.”

ಅಷ್ಟರಲ್ಲಿ ನನ್ನ ಫೋನ್ ಹೊಡಕೊಂಡಿತು. ತಿಪ್ಪೇರುದ್ರಪ್ಪ. ಕಿವಿ ಮಂದ ಅಂತ ನಾನು ಯಾವಾಗಲೂ ಸ್ಪೀಕರಿನಲ್ಲೇ ಇಡೋದು. ಎದ್ದು ಗೋಡೆ ಹಿಡಕೊಂಡು ನಿಂತೆ.

“ದಾಕ್ಷಾಯಿಣಮ್ಮ, ನಿಮ್ಮ ಬಾಯಿಗೆ ಸಕ್ಕರೆ ಹಾಕ್ಬೇಕು ಕಣ್ರಿ. ನಿನ್ನೆ ಅದೇನು ಬೈದ್ರೋ, ಹುಡುಗ ಬಗ್ಗಿದ.”

“ಏನು ಬಗ್ಗಿದ?”

“ಇವತ್ತು ಬೆಳಿಗ್ಗೆ ಹೋಗಿದ್ದೆ. ತಾನಾಗೇ ಹೇಳಿದ. ಆ ದಿನ ಇಡೀ ಹೊತ್ತು ಮನೇಲೇ ಇದ್ದೆ, ಮಗ್ಗ ಬಿಟ್ಟು ಎದ್ದೇ ಇಲ್ಲ, ನನ್ನ ಬಿಟ್ಟು ಬೇರೆ ಯಾರೂ ಒಳಗೆ ಬಂದಿಲ್ಲ ಅಂತ. ಚಿನ್ನಕ್ಕನ ಮಾತಿಗೂ ಇವನ ಮಾತಿಗೂ ಒಂದಕ್ಕೊಂದು ಸರಿಹೋಯ್ತು. ರುಜು ಹಾಕಿಸ್ಕೊಂಡೆ.”

“ವಕೀಲ್ರೇ, ಅದನ್ನ ಕೊಡಬ್ಯಾಡ್ರಿ. ಹರಿದು ಹಾಕ್ರಿ.”

“ಏನು ಮಾತಾಡ್ತೀರ? ಕೋರ್ಟಿಗೆ ಕೊಟ್ಟು, ಒಂದು ಕಾಪಿ ಹನುಮಂತರಾಯನ ಕೈಗೂ ಹಾಕಿ ಬಂದೆ. ಇನ್ನು ದೇವರೇ ಬಂದ್ರೂ ಬದಲಾಯ್ಸೋಕಾಗಲ್ಲ. ಒಂದು ಮಾತು ಅಂದ ಮಾರುತೇಶ. ಜ್ಯೋತಿಗೆ ಉಣ್ಣೋಕೆ ಹೇಳ್ರಿ ಅಂತ.”

ಅವನು ಹುಲ್ಲು ನೋಡ್ತಾ ಕೂತಿದ್ದ. ಅದೇ ಸತ್ಯ, ಅದೊಂದೇ ಅವನ ಕೈಯಲ್ಲಿ ಇದ್ದದ್ದು. ಅದನ್ನು ನಾನೇ ಅವನ ಕೈಯಿಂದ ಕಿತ್ತು, ಅವನನ್ನು ತಂದು ಈ ಕುಣಿಯ ಮೇಲೆ ಕೂರಿಸಿ ಬಾಗಿಲು ಹಾಕಿದ್ದೆ.

ಹಾಕಿದ ಬಾಗಿಲು. ಅದರ ಬೀಗದ ಕೈ ಯಾರ ಸೊಂಟದಲ್ಲಿತ್ತು, ಬಟ್ಟೆ ಸುಡೋಕೆ ಬಂದ ಗೋವರ್ಧನನಿಗೆ ಆವತ್ತು ಯಾರು ಎದುರಾಗಿರಬೇಕು ಅಂತ ಆಗ ಹೊಳೆಯಿತು. ತಿರುಗಿ ನೋಡಿದೆ. ಹೊಸ್ತಿಲ ಹತ್ತಿರ ನಿಂತಿದ್ದ ಚಿನ್ನಕ್ಕ ಅಲ್ಲಿರಲಿಲ್ಲ. ಪಕ್ಕದ ಮನೆ ಬಾಗಿಲು ಹಾಕಿಕೊಂಡ ಸದ್ದು ಕೇಳಿತು.

“ದಾಕ್ಷಾಯಿಣಮ್ಮ? ಕೇಳಿಸ್ತಿದೆಯಾ? ಗೆದ್ವಿ ಕಣ್ರಿ,” ಅಂತ ಫೋನು ಕೂಗುತ್ತಿತ್ತು.

ಫೋನಿನ ಮಾತೆಲ್ಲಾ ಕೇಳಿಸಿಕೊಂಡ ಖುಷಿಯಲ್ಲಿ ಜ್ಯೋತಿ ನನ್ನ ಮಾತು ಮರೆತಿದ್ದಳು. ಯಾವಾಗ ಇಳಿದಳೋ, ಕುಣಿಯೊಳಗೆ ಮೊಣಕಾಲೂರಿ ಕೂತು ಮಣ್ಣು ಬಾಚುತ್ತಿದ್ದಳು. ಮುಡಿದ ಹೂವು ಜಾರಿ ಕಿವಿ ಮೇಲೆ ಬಂದಿತ್ತು. ಕೈಯಲ್ಲಿ ಏನೋ ಹಿಡಿದು ಎಳೀತಿದ್ದಳು, ಒಂದು ಬೆರಳಗಲದ ನೀಲಿ ಪಟ್ಟಿ.

“ಇದ್ಯಾವ ದಾರ ಅಕ್ಕ? ನಮ್ಮ ಮನೇದಲ್ಲ,” ಅಂದಳು. “ತುದಿ ಎಲ್ಲೈತೋ ಏನೋ, ಎಷ್ಟು ಎಳೆದ್ರೂ ಬರ್ತಿಲ್ಲ.”